ಕುರ್ಚಿ ಬಿಟ್ಟ ಮೇಲಿನ ಇಪ್ಪತ್ತು ವರ್ಷ

(ಅಡಿಲೇಡ್‌ನಲ್ಲಿ ಕನ್ನಡದ ಗೆಳೆಯರು ಸೇರಿದ್ದ ಒಂದು ಭಾನುವಾರ ಆಡಿದ ಮಾತು. ಬರೆಯುವಾಗ ಅಲ್ಲಲ್ಲಿ ತಿದ್ದಿದ್ದೇನೆ. ನಡುವೆ ಮತ್ತು ಕೊನೆಯಲ್ಲಿ ಬಂದ ಪ್ರಶ್ನೆಗಳನ್ನೂ ಸೇರಿಸಿದ್ದೇನೆ.)

ಎಲ್ಲರಿಗೂ ನಮಸ್ಕಾರ.

ನಮ್ಮ ಮನೆಯ ಗ್ಯಾರೇಜಿನಲ್ಲಿ ಒಂದು ದೊಡ್ಡ ಚೀಲ ಇದೆ. ಕುಡಿದು ಮುಗಿಸಿದ ಜ್ಯೂಸ್ ಡಬ್ಬಿ, ನೀರಿನ ಬಾಟಲಿ, ಕ್ಯಾನು ಎಲ್ಲ ಅದರೊಳಗೆ ಹೋಗುತ್ತದೆ. ನಿಮ್ಮ ಮನೆಯಲ್ಲೂ ಇರುತ್ತದೆ ಅಲ್ವಾ? ಹೋದ ಸಲ ಅಮ್ಮ ದಾವಣಗೆರೆಯಿಂದ ಬಂದಿದ್ದಾಗ ಆ ಚೀಲ ನೋಡಿ ಕೇಳಿದರು, "ಇದನ್ನೆಲ್ಲ ಯಾಕೆ ಕೂಡಿ ಹಾಕೀಯೇ? ಇಲ್ಲೂ ಗುಜರಿಯವನು ಬರ್ತಾನಾ?" "ಅವನು ಬರಲ್ಲಮ್ಮ, ನಾವೇ ಹೋಗಬೇಕು" ಅಂದೆ. ಶನಿವಾರ ಅವರನ್ನೂ ಕರೆದುಕೊಂಡು ಡಿಪೋಗೆ ಹೋದೆ. ಅಲ್ಲಿದ್ದ ಹುಡುಗ ಗಾಜು ಒಂದು ಕಡೆ, ಪ್ಲಾಸ್ಟಿಕ್ ಒಂದು ಕಡೆ, ಕ್ಯಾನು ಒಂದು ಕಡೆ ಹಾಕುತ್ತಾ ಬಾಯಲ್ಲೇ ಎಣಿಸಿ ಚೀಟಿ ಕೊಟ್ಟ. ಕೌಂಟರಿನಲ್ಲಿ ಹದಿನಾಲ್ಕು ಡಾಲರ್ ಚಿಲ್ಲರೆ ಕೈಗೆ ಬಂತು. ಒಂದಕ್ಕೆ ಹತ್ತು ಸೆಂಟಿನ ಲೆಕ್ಕ. ಅಮ್ಮ ಆ ನಾಣ್ಯಗಳನ್ನು ಅಂಗೈಯಲ್ಲಿ ಹಿಡಿದುಕೊಂಡು, "ಸೋಡಾ ಬಾಟಲಿಗೆ ನಾವು ಅಂಗಡೀಲಿ ಡಿಪಾಸಿಟ್ ಇಡ್ತಿದ್ವಲ್ಲ, ಹಂಗೇ ಇದು" ಅಂದರು.

ಹಂಗೇ ಇದು. ಖಾಲಿ ಡಬ್ಬಿ ವಾಪಸ್ ಕೊಟ್ಟರೆ ದುಡ್ಡು ಕೊಡಬೇಕು ಅನ್ನುವ ಈ ಕಾನೂನು ದಕ್ಷಿಣ ಆಸ್ಟ್ರೇಲಿಯಾದಲ್ಲಿ ಪಾಸಾದದ್ದು 1975ರಲ್ಲಿ, ಜಾರಿಗೆ ಬಂದದ್ದು 1977ರಲ್ಲಿ. ಆಗ ಒಂದಕ್ಕೆ ಐದು ಸೆಂಟ್ ಇತ್ತು, 2008ರಲ್ಲಿ ಹತ್ತಾಯಿತು. ಮೂವತ್ತು ವರ್ಷಕ್ಕೂ ಜಾಸ್ತಿ ಕಾಲ ಇಡೀ ಆಸ್ಟ್ರೇಲಿಯಾದಲ್ಲಿ ಈ ಪದ್ಧತಿ ಇದ್ದದ್ದು ಇದೊಂದೇ ರಾಜ್ಯದಲ್ಲಿ. ಇದನ್ನು ತಂದ ಸರ್ಕಾರದ ಪ್ರೀಮಿಯರ್ ಡಾನ್ ಡನ್‌ಸ್ಟನ್. ಪ್ರೀಮಿಯರ್ ಅಂದರೆ ಇಲ್ಲಿನ ರಾಜ್ಯದ ಮುಖ್ಯಮಂತ್ರಿ.

ಇವತ್ತು ನಾನು ಅವರ ಬಗ್ಗೆ ಮಾತಾಡಬೇಕು ಅಂತ ಬಂದಿದ್ದೇನೆ. ಅವರ ಆಡಳಿತದ ಬಗ್ಗೆ ಇಲ್ಲಿನವರು ಬೇಕಾದಷ್ಟು ಹೇಳುತ್ತಾರೆ. ನನಗೆ ಅದಕ್ಕಿಂತ ಕಾಡುವುದು ಆಮೇಲಿನ ಕಾಲ. ಅವರು ರಾಜೀನಾಮೆ ಕೊಟ್ಟದ್ದು 1979ರ ಫೆಬ್ರವರಿಯಲ್ಲಿ. ತೀರಿಕೊಂಡದ್ದು 1999ರ ಫೆಬ್ರವರಿಯಲ್ಲಿ. ಹೆಚ್ಚುಕಡಿಮೆ ಇಪ್ಪತ್ತು ವರ್ಷ. ಕುರ್ಚಿಯಲ್ಲಿದ್ದಾಗ ಯಾವುದನ್ನು ನಂಬಿದ್ದರೋ, ಕುರ್ಚಿ ಇಲ್ಲದಾಗಲೂ ಅದನ್ನೇ ಮಾಡಿಕೊಂಡು ಹೋದರು. ಕೈಯಲ್ಲಿ ಇದ್ದದ್ದು ಕಡಿಮೆಯಾಯಿತು, ಅಷ್ಟೇ.

ಮೊದಲಿಂದ ಹೇಳುತ್ತೇನೆ.

ಡನ್‌ಸ್ಟನ್ ಹುಟ್ಟಿದ್ದು ಆಸ್ಟ್ರೇಲಿಯಾದಲ್ಲಿ ಅಲ್ಲ. ಫಿಜಿಯ ಸುವಾದಲ್ಲಿ, 1926ರ ಸೆಪ್ಟೆಂಬರ್ 21ರಂದು. ಅಪ್ಪ ಅಮ್ಮ ದಕ್ಷಿಣ ಆಸ್ಟ್ರೇಲಿಯಾದವರು. ಅಪ್ಪ ಅಲ್ಲಿ ಒಂದು ಕಂಪನಿಯ ಕೆಲಸದಲ್ಲಿದ್ದರು. ಈ ಫಿಜಿಯ ಮಾತನ್ನು ಸ್ವಲ್ಪ ನಿಧಾನವಾಗಿ ಹೇಳಬೇಕು. ನಮಗೂ ಅದಕ್ಕೂ ಸಂಬಂಧ ಇದೆ.

1879ರಿಂದ 1916ರವರೆಗೆ ಸುಮಾರು 60,000 ಭಾರತೀಯರನ್ನು ಕೂಲಿ ಕರಾರಿನ ಮೇಲೆ ಫಿಜಿಗೆ ಹಡಗಿನಲ್ಲಿ ಸಾಗಿಸಿದರು. ಕಬ್ಬಿನ ಗದ್ದೆಗಳಿಗೆ. ಆ ಕರಾರಿಗೆ ಅವರು ಗಿರ್ಮಿಟ್ ಅನ್ನುತ್ತಿದ್ದರು. 1903ರಿಂದ ಮದ್ರಾಸ್ ಬಂದರಿನಿಂದಲೂ ಹಡಗು ಹೊರಟವು, ದಕ್ಷಿಣ ಭಾರತದ ಜನ ಹೋದದ್ದು ಆಗ. ಅಲ್ಲಿ ಸಕ್ಕರೆ ವ್ಯವಹಾರವನ್ನು ಹಿಡಿದುಕೊಂಡಿದ್ದದ್ದು ಆಸ್ಟ್ರೇಲಿಯಾದ ಒಂದು ದೊಡ್ಡ ಕಂಪನಿ. ಗಿರ್ಮಿಟ್ ಪೂರ್ತಿ ರದ್ದಾದದ್ದು 1920ರಲ್ಲಿ. ಡನ್‌ಸ್ಟನ್ ಹುಟ್ಟುವ ಹೊತ್ತಿಗೆ ಅದರ ಗಾಯ ಇನ್ನೂ ಹಸಿಯಾಗಿತ್ತು.

ಅಲ್ಲಿ ಬಿಳಿಯರ ಮಕ್ಕಳು ಭಾರತೀಯರ, ಫಿಜಿಯವರ ಮಕ್ಕಳ ಜೊತೆ ಬೆರೆಯಬಾರದು ಅನ್ನುವುದು ದೊಡ್ಡವರ ಕಟ್ಟಳೆ. ಈ ಹುಡುಗ ಬೆರೆತ. ಬಣ್ಣ ನೋಡಿ ಯಾರು ಎಲ್ಲಿ ಕೂರಬೇಕು ಅಂತ ತೀರ್ಮಾನ ಮಾಡುವುದನ್ನು ಚಿಕ್ಕಂದಿನಲ್ಲೇ ಕಣ್ಣಾರೆ ನೋಡಿದ. ಆಮೇಲೆ ಅವರ ಜೀವನದಲ್ಲಿ ಬಂದ ಬಹಳಷ್ಟು ಸಂಗತಿಗಳ ಬೇರು ಅಲ್ಲೇ ಇದೆ ಅಂತ ನನಗೆ ಅನಿಸುತ್ತದೆ.

ಓದಿದ್ದು ಅಡಿಲೇಡ್‌ನ ಸೇಂಟ್ ಪೀಟರ್ಸ್ ಕಾಲೇಜಿನಲ್ಲಿ, ಆಮೇಲೆ ಅಡಿಲೇಡ್ ವಿಶ್ವವಿದ್ಯಾಲಯದಲ್ಲಿ ಕಾನೂನು. ಸೇಂಟ್ ಪೀಟರ್ಸ್ ಅಂದರೆ ಇಲ್ಲಿನ ಉಳ್ಳವರ ಮಕ್ಕಳು ಓದುವ ಜಾಗ. ಅಲ್ಲಿಂದ ಬಂದವರು ಲೇಬರ್ ಪಕ್ಷ ಸೇರಿದ್ದು ಅವರ ವರ್ಗದವರಿಗೆ ಹಿಡಿಸಲಿಲ್ಲ. ಪಕ್ಷದ ಕಾರ್ಮಿಕರಿಗೂ ಮೊದಮೊದಲು ಅನುಮಾನ ಇತ್ತು. 1949ರಲ್ಲಿ ಗ್ರೆಟೆಲ್ ಅವರನ್ನು ಮದುವೆಯಾದರು. ಅವರು ಜರ್ಮನಿಯಿಂದ ತಪ್ಪಿಸಿಕೊಂಡು ಬಂದ ಯಹೂದಿ ಕುಟುಂಬದ ಹೆಣ್ಣುಮಗಳು. ಇಬ್ಬರೂ ಸ್ವಲ್ಪ ಕಾಲ ಫಿಜಿಗೆ ಹೋದರು, ಅಲ್ಲಿ ಇವರು ವಕೀಲಿಕೆ ಮಾಡಿದರು. ಮತ್ತೆ ಬಂದು ಅಡಿಲೇಡ್‌ನ ನಾರ್ವುಡ್‌ನಲ್ಲಿ ನೆಲೆಸಿದರು. ಕೈ ಬಿಗಿಯಾಗಿತ್ತು. ಮನೆಯಲ್ಲಿ ಬಾಡಿಗೆಗೆ ಜನರನ್ನು ಇಟ್ಟುಕೊಂಡರು.

1953ರಲ್ಲಿ ನಾರ್ವುಡ್‌ನಿಂದ ಗೆದ್ದರು. ಅಲ್ಲಿ ಇಟಲಿಯಿಂದ ಬಂದ ಕುಟುಂಬಗಳು ತುಂಬಾ ಇದ್ದವು. ಅವರ ಮನೆ ಮನೆಗೆ ಹೋದರು, ಅವರ ಮೇಜಿನಲ್ಲಿ ಕೂತು ಉಂಡರು. 26 ವರ್ಷ ಆ ಕ್ಷೇತ್ರ ಅವರ ಕೈ ಬಿಡಲಿಲ್ಲ.

ಆಗ ಪ್ರೀಮಿಯರ್ ಆಗಿದ್ದವರು ಸರ್ ಥಾಮಸ್ ಪ್ಲೇಫರ್ಡ್. ಎದುರು ಪಕ್ಷದವರು, 1938ರಿಂದ 1965ರವರೆಗೆ ಅಧಿಕಾರದಲ್ಲಿದ್ದವರು. ಹಣ್ಣಿನ ತೋಟದ ಯಜಮಾನರು, ಬೆಟ್ಟದ ಮೇಲಿನ ನಾರ್ಟನ್ ಸಮಿಟ್ ಅವರ ಊರು. ಸದನ ಮುಗಿದ ಮೇಲೆ ಅವರು ಮನೆಗೆ ಹೋಗುವ ದಾರಿಯಲ್ಲೇ ನಾರ್ವುಡ್ ಸಿಗುತ್ತದೆ. ಹಾಗಾಗಿ ಯುವಕ ಡನ್‌ಸ್ಟನ್‌ರನ್ನು ತಮ್ಮ ಕಾರಿನಲ್ಲಿ ಕೂರಿಸಿಕೊಂಡು ಹೋಗಿ ಮನೆ ಹತ್ತಿರ ಬಿಡುತ್ತಿದ್ದರು. ಸದನದಲ್ಲಿ ಇಬ್ಬರಿಗೂ ಕಡು ಜಗಳ. ಕಾರಿನಲ್ಲಿ ಮಾತುಕತೆ. ಈ ಚಿತ್ರ ನನಗೆ ತುಂಬಾ ಇಷ್ಟ. ಪ್ಲೇಫರ್ಡ್ ಬಗ್ಗೆ ಇನ್ನೊಂದು ಸಂಗತಿ ನೆನಪಿಟ್ಟುಕೊಳ್ಳಿ. ಖಾಸಗಿ ಕೈಯಲ್ಲಿದ್ದ ವಿದ್ಯುತ್ ಕಂಪನಿಯನ್ನು 1946ರಲ್ಲಿ ಸರ್ಕಾರದ ವಶಕ್ಕೆ ತಂದವರು ಅವರೇ. ಕೊನೆಯಲ್ಲಿ ಇದು ಬೇಕಾಗುತ್ತದೆ.

ಜಗಳ ಯಾಕೆ ಅಂದರೆ ಮತದ ಲೆಕ್ಕ. ಆಗ ವಿಧಾನಸಭೆಯಲ್ಲಿ 39 ಸೀಟು. ಅದರಲ್ಲಿ ಹಳ್ಳಿ ಭಾಗಕ್ಕೆ 26, ಅಡಿಲೇಡ್ ನಗರಕ್ಕೆ 13. ರಾಜ್ಯದ ಮೂರರಲ್ಲಿ ಎರಡು ಪಾಲಿನಷ್ಟು ಜನ ನಗರದಲ್ಲಿ ಬಂದು ನೆಲೆಸುತ್ತಿದ್ದ ಕಾಲದಲ್ಲೂ ಇದೇ ಲೆಕ್ಕ. ಹಾಗಾಗಿ ಹಳ್ಳಿಯ ಒಂದು ವೋಟಿಗೆ ನಗರದ ಹಲವು ವೋಟಿನ ತೂಕ. ಇದರ ಪೆಟ್ಟು ಡನ್‌ಸ್ಟನ್‌ಗೇ ನೇರವಾಗಿ ಬಿತ್ತು. 1967ರಲ್ಲಿ ಅವರು ಮೊದಲ ಸಲ ಪ್ರೀಮಿಯರ್ ಆದರು. 1968ರ ಚುನಾವಣೆಯಲ್ಲಿ ಅವರ ಪಕ್ಷಕ್ಕೆ ಬಿದ್ದದ್ದು ಸುಮಾರು ನೂರಕ್ಕೆ 52 ವೋಟು. ಸೀಟು ಮಾತ್ರ 19. ಎದುರಿನವರಿಗೂ 19. ಉಳಿದ ಒಬ್ಬ ಪಕ್ಷೇತರರು ಆ ಕಡೆ ವಾಲಿದರು. ಸರ್ಕಾರ ಹೋಯಿತು.

ನ್ಯಾಯವಾಗಿ ಇನ್ನೊಬ್ಬರ ಹೆಸರೂ ಹೇಳಬೇಕು. ಆಗ ಪ್ರೀಮಿಯರ್ ಆದ ಸ್ಟೀಲ್ ಹಾಲ್ ಅವರಿಗೇ ಈ ಲೆಕ್ಕ ತಪ್ಪು ಅನಿಸಿತು. ತಮ್ಮ ಪಕ್ಷಕ್ಕೆ ನಷ್ಟ ಅಂತ ಗೊತ್ತಿದ್ದೂ ಸೀಟುಗಳನ್ನು 47ಕ್ಕೆ ಏರಿಸಿ ಹೆಚ್ಚು ನ್ಯಾಯವಾಗಿ ಹಂಚಿದರು. 1970ರ ಚುನಾವಣೆಯಲ್ಲಿ ಡನ್‌ಸ್ಟನ್ 27 ಗೆದ್ದು ವಾಪಸ್ ಬಂದರು. ಹಾಲ್ ಸೋತರು. ಅಂಥ ಸೋಲಿಗೆ ನಾನು ಕೈಮುಗಿಯುತ್ತೇನೆ.

ಇದಕ್ಕೂ ಮುಂಚಿನ ಒಂದು ಮಾತು ಬಿಟ್ಟುಹೋಗಬಾರದು. ನಾವು ಇಷ್ಟು ಜನ ಇಲ್ಲಿ ಕೂತಿದ್ದೇವಲ್ಲ, ನಮಗೆ ಅದು ಬೇಕಾದ ಮಾತು. ಬಿಳಿಯರಲ್ಲದವರು ಆಸ್ಟ್ರೇಲಿಯಾಕ್ಕೆ ಬಂದು ನೆಲೆಸಬಾರದು ಅನ್ನುವ ನೀತಿ ಲೇಬರ್ ಪಕ್ಷದ ಸ್ವಂತ ಕಾರ್ಯಕ್ರಮದಲ್ಲೇ ಇತ್ತು. ದಶಕಗಳಿಂದ ಇತ್ತು. ಅದನ್ನು ಕಿತ್ತುಹಾಕಬೇಕು ಅಂತ ಪಕ್ಷದೊಳಗೆ ಪಟ್ಟು ಹಿಡಿದವರಲ್ಲಿ ಡನ್‌ಸ್ಟನ್ ಮುಂದಾಳು. 1965ರ ರಾಷ್ಟ್ರೀಯ ಸಮ್ಮೇಳನದಲ್ಲಿ ಅದು ಹೋಯಿತು. ದೇಶದ ಕಾನೂನು ಪೂರ್ತಿ ಬದಲಾಗಲು 1973 ಬರಬೇಕಾಯಿತು. ಆದರೆ ದೊಡ್ಡ ಪಕ್ಷವೊಂದರ ಬಾಗಿಲು ಮೊದಲು ತೆರೆದದ್ದು ಅಲ್ಲಿ. ಸುವಾದ ಆ ಹುಡುಗ ಅಲ್ಲಿ ಎದ್ದು ನಿಂತು ಮಾತಾಡಿದ ಅಂತ ನನಗೆ ಕಾಣುತ್ತದೆ.

ಅದೇ 1965ರಲ್ಲಿ ಅವರು ಅಟಾರ್ನಿ ಜನರಲ್, ಅಂದರೆ ರಾಜ್ಯದ ಕಾನೂನು ಮಂತ್ರಿ ಆದರು. ಆಗ ರೋಮಾ ಮಿಚೆಲ್ ರಾಜ್ಯದ ಸುಪ್ರೀಂ ಕೋರ್ಟಿನ ನ್ಯಾಯಮೂರ್ತಿಯಾದರು. ಅಂಥ ಹುದ್ದೆಗೆ ಬಂದ ಆಸ್ಟ್ರೇಲಿಯಾದ ಮೊದಲ ಮಹಿಳೆ. 1966ರಲ್ಲಿ ಬಣ್ಣ, ಜನಾಂಗ ನೋಡಿ ಭೇದ ಮಾಡುವುದನ್ನು ತಡೆಯುವ ಕಾನೂನು ಬಂತು. ಅದೇ ವರ್ಷ ಮೂಲನಿವಾಸಿಗಳ ಭೂಮಿಯನ್ನು ಅವರ ಟ್ರಸ್ಟಿನ ಕೈಗೆ ಕೊಡುವ ಕಾನೂನೂ ಬಂತು. ಎರಡೂ ಈ ದೇಶದಲ್ಲಿ ಮೊದಲನೆಯವು.

ಎಪ್ಪತ್ತರ ದಶಕದ್ದು ಹೇಳುತ್ತಾ ಹೋದರೆ ಸಂಜೆಯಾಗುತ್ತದೆ. ಸುಮ್ನೆ ಪಟ್ಟಿ ಓದುವುದು ನನಗೂ ಇಷ್ಟವಿಲ್ಲ. ಅಡಿಲೇಡ್ ಅಂದರೆ ಆಗ ಚರ್ಚುಗಳ ಊರು. ಸಂಜೆ ಆರಕ್ಕೆ ಬಾರುಗಳು ಮುಚ್ಚಬೇಕು ಅನ್ನುವ ಕಾನೂನು 1916ರಿಂದ ಇತ್ತು. ಕೆಲಸ ಬಿಟ್ಟ ಗಂಡಸರು ಐದರಿಂದ ಆರರ ನಡುವೆ ನಿಂತೇ ಗಟಗಟ ಕುಡಿದು ಮನೆಗೆ ಹೋಗುತ್ತಿದ್ದರು. ಊಟದ ಜೊತೆ ಕೂತು ಮಾತಾಡುವ ಸಂಜೆ ಅನ್ನುವುದೇ ಇರಲಿಲ್ಲ. 1967ರ ಸೆಪ್ಟೆಂಬರಿನಲ್ಲಿ ಆ ಕಟ್ಟು ಹೋಯಿತು. ಆರು ಗಂಟೆ ದಾಟಿದ ಮೇಲೆ ಕಾನೂನಿನ ಪ್ರಕಾರ ಮೊದಲ ಬಿಯರ್ ಕೊಂಡವರು ಪ್ರೀಮಿಯರ್ ಡನ್‌ಸ್ಟನ್ ಅವರೇ.

1972ರ ಮೇ ತಿಂಗಳಲ್ಲಿ ಡಾ. ಜಾರ್ಜ್ ಡಂಕನ್ ಅನ್ನುವ ಕಾನೂನು ಉಪನ್ಯಾಸಕರು ಟಾರೆನ್ಸ್ ಹೊಳೆಯಲ್ಲಿ ಮುಳುಗಿ ಸತ್ತರು. ಸಲಿಂಗಿಗಳು ಸೇರುವ ಜಾಗ ಅದು. ಅವರನ್ನು ಹೊಳೆಗೆ ಎಸೆದಿದ್ದರು. ಪೊಲೀಸರ ಮೇಲೇ ಸಂಶಯ ಬಂತು. ಊರು ಬೆಚ್ಚಿತು. 1975ರಲ್ಲಿ ಗಂಡಸರ ನಡುವಿನ ಸಂಬಂಧ ಅಪರಾಧ ಅಲ್ಲ ಅನ್ನುವ ಕಾನೂನು ಆಸ್ಟ್ರೇಲಿಯಾದಲ್ಲೇ ಮೊದಲು ಇಲ್ಲಿ ಪಾಸಾಯಿತು. 1976ರಲ್ಲಿ ಗಲ್ಲುಶಿಕ್ಷೆ ಹೋಯಿತು. ಗಂಡ ಹೆಂಡತಿಯ ಮೇಲೆ ಮಾಡುವ ಅತ್ಯಾಚಾರವೂ, ಕೆಲವು ಷರತ್ತುಗಳ ಮೇಲೆ, ಅಪರಾಧವಾಯಿತು. ಅದೇ ವರ್ಷ ಮೂಲನಿವಾಸಿ ನಾಯಕ ಸರ್ ಡಗ್ಲಸ್ ನಿಕೋಲ್ಸ್ ರಾಜ್ಯಪಾಲರಾದರು. ಹೊಳೆ ದಂಡೆಯ ಫೆಸ್ಟಿವಲ್ ಸೆಂಟರ್ ನೀವೆಲ್ಲ ನೋಡಿದ್ದೀರಿ, ಅದರ ದೊಡ್ಡ ರಂಗಮಂದಿರ ತೆರೆದದ್ದು 1973ರಲ್ಲಿ. ಕಾರುಗಳನ್ನು ಹೊರಗಿಟ್ಟು ನಡೆಯುವವರಿಗೇ ಬಿಟ್ಟುಕೊಟ್ಟ ರಂಡಲ್ ಮಾಲ್ 1976ರದ್ದು.

ಆ 1976ರ ಜನವರಿಯ ಒಂದು ದಿನವನ್ನು ಮಾತ್ರ ಹತ್ತಿರದಿಂದ ನೋಡೋಣ. ಮನೆಗಳಿಗೆ ಬಣ್ಣ ಹೊಡೆಯುವ ಒಬ್ಬರು ಭವಿಷ್ಯ ನುಡಿದಿದ್ದರು: ಜನವರಿ 19ರ ಮಧ್ಯಾಹ್ನ ಭೂಕಂಪವಾಗುತ್ತದೆ, ಕಡಲು ಉಕ್ಕಿ ಅಡಿಲೇಡ್ ಮುಳುಗುತ್ತದೆ ಅಂತ. ಸುದ್ದಿ ಹಬ್ಬಿತು. ಕೆಲವರು ಬೆಟ್ಟದ ಕಡೆ ಹೊರಟರು, ಕೆಲವರು ಮನೆ ಮಾರಿದರು ಅಂತಲೂ ಹೇಳುತ್ತಾರೆ. ಪ್ರೀಮಿಯರ್ ಕಚೇರಿಯಲ್ಲಿ ಕೂತು ಹೇಳಿಕೆ ಕೊಟ್ಟಿದ್ದರೆ ಸಾಕಾಗುತ್ತಿತ್ತು. ಅವರು ಹಾಗೆ ಮಾಡಲಿಲ್ಲ. ಗ್ಲೆನೆಲ್ಗ್ ಕಡಲ ತೀರಕ್ಕೆ ತಾನೇ ಬಂದು ನಿಲ್ಲುತ್ತೇನೆ ಅಂದರು. ಬಂದು ನಿಂತರು. ಜನ ಕಿಕ್ಕಿರಿದು ಸೇರಿದ್ದರು. ಹನ್ನೆರಡು ಗಂಟೆ ಆಯಿತು. ಕಡಲು ಇದ್ದ ಹಾಗೇ ಇತ್ತು. ಹೆದರಿದ ಜನಕ್ಕೆ ಭಾಷಣಕ್ಕಿಂತ, ಅವರ ಜೊತೆ ಹೋಗಿ ನಿಲ್ಲುವುದು ದೊಡ್ಡದು ಅಂತ ಅವರಿಗೆ ಗೊತ್ತಿತ್ತು.

ಇಲ್ಲಿ ಒಬ್ಬ ಹಿರಿಯರು ಮಧ್ಯೆ ಕೇಳಿದರು: "ಎಲ್ಲ ಒಳ್ಳೇದೇ ಹೇಳ್ತಿದೀರಲ್ಲಮ್ಮ, ಸೋತದ್ದು ಏನೂ ಇಲ್ವಾ?"

ಇದೆ ಸಾರ್. ಮರ್ರಿ ಬ್ರಿಜ್ ಹತ್ತಿರ ಮೊನಾರ್ಟೊ ಅಂತ ಒಂದು ಹೊಸ ನಗರವನ್ನೇ ಕಟ್ಟಲು ಹೊರಟಿದ್ದರು. ರೈತರ ಭೂಮಿ ತೆಗೆದುಕೊಂಡರು, ಗಿಡ ನೆಟ್ಟರು, ನಕ್ಷೆ ಹಾಕಿದರು. ನಗರ ಬರಲೇ ಇಲ್ಲ. 1980ರಲ್ಲಿ ಯೋಜನೆ ಕೈಬಿಟ್ಟರು. ಈಗ ನಾವು ಮಕ್ಕಳನ್ನು ಕರೆದುಕೊಂಡು ಜಿರಾಫೆ, ಸಿಂಹ ತೋರಿಸಲು ಹೋಗುವ ಮೊನಾರ್ಟೊ ಸಫಾರಿ ಇರುವುದು ಅದೇ ಹೆಸರಿನ ನೆಲದಲ್ಲಿ. ಭೂಮಿ ಕೊಟ್ಟ ರೈತರಿಗೆ ಅದು ಸಣ್ಣ ಮಾತಲ್ಲ. ದೊಡ್ಡ ಕನಸು ಕಾಣುವವರ ಕೈಯಲ್ಲಿ ಅಧಿಕಾರ ಇದ್ದಾಗ ಇಂಥ ನೋವೂ ಆಗುತ್ತದೆ, ಅದನ್ನು ಮುಚ್ಚಿಡಬಾರದು. ದೊಡ್ಡ ಕೈಗಾರಿಕೆ ತರುವ ವಿಷಯದಲ್ಲೂ ಅವರು ಅಂದುಕೊಂಡಷ್ಟು ಆಗಲಿಲ್ಲ.

ಈಗ ಕೊನೆಯ ವರ್ಷಕ್ಕೆ ಬರುತ್ತೇನೆ. 1978ರ ಜನವರಿಯಲ್ಲಿ ಪೊಲೀಸ್ ಕಮಿಷನರ್ ಹೆರಾಲ್ಡ್ ಸಾಲ್ಸ್‌ಬರಿಯನ್ನು ಡನ್‌ಸ್ಟನ್ ವಜಾ ಮಾಡಿದರು. ಪೊಲೀಸರ ವಿಶೇಷ ವಿಭಾಗ ರಾಜಕಾರಣಿಗಳು, ಕಾರ್ಮಿಕ ಸಂಘದವರು, ಚಳವಳಿಯವರ ಮೇಲೆ ಗುಟ್ಟಾಗಿ ಕಡತ ಇಟ್ಟಿತ್ತು. ಕೇಳಿದಾಗ ಸರ್ಕಾರಕ್ಕೆ ಸರಿಯಾದ ಮಾಹಿತಿ ಕೊಡಲಿಲ್ಲ ಅನ್ನುವುದು ಕಾರಣ. ಊರು ಎರಡು ಭಾಗವಾಯಿತು, ಬೀದಿಯಲ್ಲಿ ಪ್ರತಿಭಟನೆ ಆಯಿತು. ತನಿಖೆಗೆ ರಾಯಲ್ ಕಮಿಷನ್ ಕೂತಿತು. ಅದನ್ನು ನಡೆಸಿದವರು ಅದೇ ರೋಮಾ ಮಿಚೆಲ್. ವಜಾ ಮಾಡಿದ್ದು ಸರಿ ಅಂತ ಅವರು ವರದಿ ಕೊಟ್ಟರು. ಆದರೂ ಆ ವರ್ಷ ಡನ್‌ಸ್ಟನ್‌ರನ್ನು ತುಂಬಾ ಸವೆಸಿತು.

ಅದಕ್ಕಿಂತ ದೊಡ್ಡ ಪೆಟ್ಟು ಮನೆಯಲ್ಲಿ ಬಿತ್ತು. ಮೊದಲ ಮದುವೆ ಮುರಿದಿತ್ತು. 1976ರಲ್ಲಿ ಅವರು ಅಡೆಲ್ ಕೊ ಅವರನ್ನು ಮದುವೆಯಾಗಿದ್ದರು. ಮಲೇಷ್ಯಾದ ಪೆನಾಂಗ್ ಕಡೆಯವರು, ಪತ್ರಕರ್ತೆ. ಎರಡೇ ವರ್ಷ. ಕ್ಯಾನ್ಸರ್ ಬಂತು. 1978ರ ಅಕ್ಟೋಬರಿನಲ್ಲಿ ಅಡೆಲ್ ತೀರಿಕೊಂಡರು. ನಲವತ್ತು ಕೂಡ ತುಂಬಿರಲಿಲ್ಲ.

ಹೆಂಡತಿ ಹೋದ ಮೂರು ತಿಂಗಳಿಗೆ ಅವರು ಯುರೋಪಿಗೆ ಹೊರಟರು, ಯುರೇನಿಯಂ ತ್ಯಾಜ್ಯವನ್ನು ಸುರಕ್ಷಿತವಾಗಿ ಇಡಲು ಆಗುತ್ತದಾ ಅಂತ ಕಣ್ಣಾರೆ ನೋಡಿ ಬರಲು. ನೋಡಿ ಬಂದು, ರಾಜ್ಯದಲ್ಲಿ ಯುರೇನಿಯಂ ಗಣಿ ಬೇಡ ಅನ್ನುವ ತೀರ್ಮಾನದಲ್ಲೇ ನಿಂತರು. ಫೆಬ್ರವರಿಯಲ್ಲಿ ಆರೋಗ್ಯ ಪೂರ್ತಿ ಕೈಕೊಟ್ಟಿತು. 1979ರ ಫೆಬ್ರವರಿ 15ರಂದು ಆಸ್ಪತ್ರೆಯಲ್ಲೇ ಪತ್ರಕರ್ತರನ್ನು ಕರೆಸಿದರು. ಮೈಮೇಲೆ ಡ್ರೆಸ್ಸಿಂಗ್ ಗೌನ್. ಪಕ್ಕದಲ್ಲಿ ಡಾಕ್ಟರ್. ಮುಖ ಬಿಳುಚಿಕೊಂಡಿದೆ. ಅಲ್ಲೇ ಕೂತು ರಾಜೀನಾಮೆ ಹೇಳಿದರು. ಆರೇಳು ವರ್ಷದ ಹಿಂದೆ, 1972ರಲ್ಲಿ, ಇದೇ ಮನುಷ್ಯ ಗುಲಾಬಿ ಬಣ್ಣದ ಚಡ್ಡಿ, ಬಿಳಿ ಅಂಗಿ, ಮೊಣಕಾಲುದ್ದ ಬಿಳಿ ಸಾಕ್ಸ್ ಹಾಕಿಕೊಂಡು ಸಂಸತ್ ಭವನದ ಮೆಟ್ಟಿಲು ಹತ್ತಿದ್ದರು. ಬೇಸಿಗೆಯಲ್ಲಿ ಸೂಟು ಯಾಕೆ ಬೇಕು ಅನ್ನುವುದು ಅವರ ಮಾತು. ಆ ಎರಡು ಫೋಟೋಗಳನ್ನು ಪಕ್ಕಪಕ್ಕ ಇಟ್ಟು ನೋಡಿದಾಗ ನನಗೆ ಗಂಟಲು ಕಟ್ಟುತ್ತದೆ.

ಅವರಿಗೆ ಆಗ 52 ವರ್ಷ. ಇಲ್ಲಿಂದ ನಾನು ಹೇಳಬೇಕು ಅಂತ ಬಂದ ಕಥೆ ಶುರುವಾಗುತ್ತದೆ.

ಮೊದಲು ಇಟಲಿಗೆ ಹೋದರು. ಪೆರೂಜಾ ಅನ್ನುವ ಬೆಟ್ಟದ ಊರಿನಲ್ಲಿ ಕೆಲವು ತಿಂಗಳು ಇದ್ದು ಇಟಾಲಿಯನ್ ಓದಿದರು. ಒಂದು ರಾಜ್ಯವನ್ನು ನಡೆಸಿದವರು ಪುಸ್ತಕ ಹಿಡಿದು ವಿದ್ಯಾರ್ಥಿಗಳ ಜೊತೆ ಕೂತಿದ್ದಾರೆ. ವಾಪಸ್ ಬಂದರು. ಆ ಹೊತ್ತಿಗೆ ಲೇಬರ್ ಚುನಾವಣೆಯಲ್ಲಿ ಸೋತಿತ್ತು. ಇಲ್ಲಿ ಅವರಿಗೆ ತಕ್ಕ ಕೆಲಸ ಸಿಗಲಿಲ್ಲ. ತಮ್ಮ ಅನುಭವ ಯಾರಿಗೂ ಬೇಡವಾಯಿತು ಅನ್ನುವ ನೋವು ಅವರಿಗಿತ್ತು. ಅದು ನಿಜವಾದ ನೋವು ಅಂತಲೇ ನಾನು ಅಂದುಕೊಂಡಿದ್ದೇನೆ. 1981ರಲ್ಲಿ ತಮ್ಮ ರಾಜಕೀಯ ನೆನಪುಗಳ ಪುಸ್ತಕ ತಂದರು.

1982ರಲ್ಲಿ ಪಕ್ಕದ ವಿಕ್ಟೋರಿಯಾ ರಾಜ್ಯದವರು ಕರೆದರು. ಜಾನ್ ಕೇನ್ ಅವರ ಸರ್ಕಾರದಲ್ಲಿ ಪ್ರವಾಸೋದ್ಯಮದ ನಿರ್ದೇಶಕರಾದರು. ಅಡಿಲೇಡ್‌ನವರಿಗೆ ಇದು ಹಿಡಿಸಲಿಲ್ಲ. ಮೆಲ್ಬರ್ನ್ ಅಂದರೆ ಇಲ್ಲಿನವರಿಗೆ ಪೈಪೋಟಿಯ ಊರು. ನಮ್ಮವರು ಅಲ್ಲಿ ಹೋಗಿ ದುಡಿಯುವುದಾ ಅಂದರು. ಇಲ್ಲಿ ಕೆಲಸ ಕೊಡದೆ, ಅಲ್ಲಿ ಹೋದರೆ ಬೇಜಾರು ಮಾಡಿಕೊಳ್ಳುವುದು ನನಗೆ ಸರಿ ಕಾಣುವುದಿಲ್ಲ. 1986ರಲ್ಲಿ ಅದನ್ನು ಬಿಟ್ಟು ಮತ್ತೆ ನಾರ್ವುಡ್‌ಗೆ, ಕ್ಲಾರಾ ಸ್ಟ್ರೀಟಿನ ತಮ್ಮ ಮನೆಗೆ ಬಂದರು.

ಮರುವರ್ಷವೇ ಫಿಜಿಯಿಂದ ಸುದ್ದಿ ಬಂತು. 1987ರ ಮೇ 14ರಂದು ಸೇನೆಯ ಸಿತಿವೇನಿ ರಬೂಕ ಸಂಸತ್ತಿಗೆ ನುಗ್ಗಿ ಸರ್ಕಾರವನ್ನು ಕಿತ್ತುಹಾಕಿದರು. ಆ ಸರ್ಕಾರದ ಪ್ರಧಾನಿ ತಿಮೋಚಿ ಬವಾದ್ರ ಫಿಜಿಯ ಮೂಲದವರೇ, ಆದರೆ ಸಂಪುಟದಲ್ಲಿ ಭಾರತೀಯ ಮೂಲದವರು ತುಂಬಾ ಇದ್ದರು. ಅಧಿಕಾರಕ್ಕೆ ಬಂದು ಸುಮಾರು ಒಂದು ತಿಂಗಳಾಗಿತ್ತು ಅಷ್ಟೇ. ಗಿರ್ಮಿಟ್ ಕೂಲಿಗಳ ಮೊಮ್ಮಕ್ಕಳು ಮೊದಲ ಸಲ ಸರ್ಕಾರದ ಮೇಜಿನಲ್ಲಿ ಸರಿಸಮ ಕೂತಿದ್ದರು, ಅವರನ್ನು ಬಂದೂಕು ತೋರಿಸಿ ಎಬ್ಬಿಸಿದರು. ಸಾವಿರಾರು ಕುಟುಂಬಗಳು ದೇಶ ಬಿಟ್ಟವು, ಬಹಳಷ್ಟು ಜನ ಆಸ್ಟ್ರೇಲಿಯಾಕ್ಕೂ ಬಂದರು. ನಮ್ಮ ಮಸಾಲೆ ಸಾಮಾನಿನ ಅಂಗಡಿಗಳಲ್ಲಿ ಅವರನ್ನು ನೀವು ನೋಡಿರುತ್ತೀರಿ.

ಡನ್‌ಸ್ಟನ್ ಸುಮ್ಮನಿರಲಿಲ್ಲ. ಫಿಜಿಯ ಪ್ರಜಾಪ್ರಭುತ್ವಕ್ಕಾಗಿ ಇಲ್ಲಿ ಹುಟ್ಟಿದ ಚಳವಳಿಯ ಅಧ್ಯಕ್ಷರಾದರು. ಕೈಯಲ್ಲಿ ಅಧಿಕಾರ ಇಲ್ಲ, ಪೊಲೀಸ್ ಇಲ್ಲ, ಖಜಾನೆ ಇಲ್ಲ. ಹೆಸರು ಮತ್ತು ದನಿ ಇತ್ತು. ಅದನ್ನೇ ಕೊಟ್ಟರು. ಹಸಿವಿನ ವಿರುದ್ಧದ ಸಂಸ್ಥೆಗಳಲ್ಲಿ, ಬಡ ದೇಶಗಳಿಗೆ ನೆರವಾಗುವ ಸಂಸ್ಥೆಗಳಲ್ಲಿ ಮುಂದೆ ನಿಂತು ದುಡಿದದ್ದೂ ಇದೇ ವರ್ಷಗಳಲ್ಲಿ.

ಇನ್ನು ಅಡುಗೆ. ಪ್ರೀಮಿಯರ್ ಆಗಿದ್ದಾಗಲೇ, 1976ರಲ್ಲಿ, ಅವರು ಒಂದು ಅಡುಗೆ ಪುಸ್ತಕ ಬರೆದಿದ್ದರು. ಆ ಕಾಲದಲ್ಲಿ ಇಲ್ಲಿನ ಮನೆ ಊಟ ಅಂದರೆ ಮಾಂಸ ಮತ್ತು ಬೇಯಿಸಿದ ತರಕಾರಿ. ಇವರು ಏಷ್ಯಾದ ಮಸಾಲೆ, ಕರಿ ಅಂತ ಬರೆದರು. ಗಂಡಸು, ಅದೂ ಸರ್ಕಾರ ನಡೆಸುವ ಗಂಡಸು ಸೌಟು ಹಿಡಿದು ನಿಂತದ್ದು ಜನಕ್ಕೆ ಹೊಸದು. 1994ರಲ್ಲಿ ತಮ್ಮ ಸಂಗಾತಿಯ ಜೊತೆ ಸೇರಿ ನಾರ್ವುಡ್‌ನಲ್ಲಿ ಒಂದು ರೆಸ್ಟೋರೆಂಟ್ ತೆರೆದರು. ಹೆಸರು ಡಾನ್ಸ್ ಟೇಬಲ್, ಅಂದರೆ ಡಾನ್ ಅವರ ಊಟದ ಮೇಜು. ಆ ಸಂಗಾತಿ ಒಬ್ಬ ಗಂಡಸು. 1975ರ ಆ ಕಾನೂನು ಇಲ್ಲದೆ ಇದ್ದಿದ್ದರೆ ಅವರಿಬ್ಬರೂ ಅದೇ ಬೀದಿಯಲ್ಲಿ ಹಾಗೆ ಬಾಳಲು ಆಗುತ್ತಿರಲಿಲ್ಲ.

ಈ ರೆಸ್ಟೋರೆಂಟ್ ತೆರೆಯುವ ಹೊತ್ತಿಗೆ ಅವರಿಗೆ ಗಂಟಲಿನ ಕ್ಯಾನ್ಸರ್ ಅಂತ ಗೊತ್ತಾಗಿತ್ತು. ಆ ದನಿಯ ಬಗ್ಗೆ ಒಂದು ಮಾತು. ಯುವಕನಾಗಿದ್ದಾಗ ದುಡ್ಡಿಗಾಗಿ ರೇಡಿಯೋ ನಾಟಕಗಳಲ್ಲಿ ಪಾತ್ರ ಮಾಡಿದ ದನಿ ಅದು. ಸದನವನ್ನು ಕಟ್ಟಿಹಾಕಿದ ದನಿ. ಕಾಯಿಲೆ ಬಂದದ್ದು ಅಲ್ಲಿಗೇ. ಆಮೇಲೆ ಶ್ವಾಸಕೋಶಕ್ಕೂ ಬಂತು. ಆದರೂ ಮಾತು ನಿಲ್ಲಿಸಲಿಲ್ಲ. ಸರ್ಕಾರದ ಆಸ್ತಿ ಎಲ್ಲ ಖಾಸಗಿಯವರಿಗೆ ಕೊಡುವುದೇ ಜಾಣತನ ಅಂತ ಎರಡೂ ಪಕ್ಷದವರು ಹೇಳುತ್ತಿದ್ದ ಕಾಲ ಅದು. ತಮ್ಮ ಪಕ್ಷದವರು ಹೇಳಿದಾಗಲೂ ಅವರು ಒಪ್ಪಲಿಲ್ಲ, ಬರೆದರು. 1998ರಲ್ಲಿ ಆಗಿನ ಲಿಬರಲ್ ಸರ್ಕಾರ ರಾಜ್ಯದ ವಿದ್ಯುತ್ ಸಂಸ್ಥೆಯನ್ನು ಕೈಬಿಡಲು ಹೊರಟಿತು. ಆಗಲೇ ನೆನಪಿಟ್ಟುಕೊಳ್ಳಿ ಅಂದೆನಲ್ಲ, ಅದೇ ಸಂಸ್ಥೆ. ಪ್ಲೇಫರ್ಡ್ ಕಟ್ಟಿದ್ದು. ತಮ್ಮ ಹಳೆಯ ಎದುರಾಳಿ ಜನರಿಗಾಗಿ ಉಳಿಸಿದ್ದನ್ನು ಅವರ ಪಕ್ಷದವರೇ ಮಾರಲು ಹೊರಟಾಗ, ಅದು ತಪ್ಪು ಅನ್ನುವ ಕಡೆ ಡನ್‌ಸ್ಟನ್ ನಿಂತರು. ಆ ವರ್ಷ ಏಪ್ರಿಲಿನಲ್ಲಿ, ದೇಶದ ಮಾಜಿ ಪ್ರಧಾನಿ ವಿಟ್ಲಮ್ ಹೆಸರಿನ ಉಪನ್ಯಾಸದಲ್ಲಿ, ಸರ್ಕಾರ ಕೈಕಟ್ಟಿ ಕೂತರೆ ನಾವೆಲ್ಲ ಮುಳುಗುತ್ತೇವೆ ಅನ್ನುವ ಅರ್ಥದ ಮಾತು ಆಡಿದರು. ಸಾಯಲು ಹತ್ತು ತಿಂಗಳು ಇತ್ತು.

ಕೊನೆಯ ತಿಂಗಳುಗಳಲ್ಲಿ ತಮ್ಮ ಹೆಸರಿನ ಪ್ರತಿಷ್ಠಾನಕ್ಕೆ ರೂಪ ಕೊಡುವ ಕೆಲಸದಲ್ಲಿ ಕೂತರು. 1999ರ ಫೆಬ್ರವರಿ 6ರಂದು ತೀರಿಕೊಂಡರು. 72 ವರ್ಷ. ಫೆಬ್ರವರಿ 9ರಂದು ಶ್ರದ್ಧಾಂಜಲಿ ಸಭೆ ನಡೆದದ್ದು ಅವರ ಸರ್ಕಾರ ಕಟ್ಟಿದ ಫೆಸ್ಟಿವಲ್ ಸೆಂಟರಿನಲ್ಲೇ. ಮಾಜಿ ಪ್ರಧಾನಿಗಳಾದ ಗಾಫ್ ವಿಟ್ಲಮ್, ಬಾಬ್ ಹಾಕ್ ಬಂದಿದ್ದರು. ಒಳಗೆ ಜಾಗ ಸಾಲದೆ ಸಾವಿರಾರು ಜನ ಹೊರಗೆ ಎಲ್ಡರ್ ಪಾರ್ಕಿನ ಹುಲ್ಲಿನ ಮೇಲೆ ಕೂತರು.

ಮಾತು ಮುಗಿದ ಮೇಲೆ ಬಂದ ಎರಡು ಪ್ರಶ್ನೆ.

ಕಾಲೇಜಿಗೆ ಹೋಗುವ ಹುಡುಗಿಯೊಬ್ಬಳು ಕೇಳಿದಳು: "ಆಂಟಿ, ನಮ್ಮ ಏರಿಯಾ ಕ್ಷೇತ್ರದ ಹೆಸರು ಡನ್‌ಸ್ಟನ್. ಅದು ಇವರದ್ದೇನಾ?" ಹೌದು ಮಗಳೇ. ಹಳೆಯ ನಾರ್ವುಡ್ ಕ್ಷೇತ್ರಕ್ಕೇ 2014ರಲ್ಲಿ ಆ ಹೆಸರು ಬಂತು. 2018ರಿಂದ 2022ರವರೆಗೆ ಪ್ರೀಮಿಯರ್ ಆಗಿದ್ದ ಲಿಬರಲ್ ಪಕ್ಷದ ಸ್ಟೀವನ್ ಮಾರ್ಷಲ್ ಗೆದ್ದು ಬಂದದ್ದೂ ಅಲ್ಲಿಂದಲೇ.

ಇನ್ನೊಬ್ಬರು ಕೇಳಿದರು: "ಆ ರೆಸ್ಟೋರೆಂಟ್ ಈಗಲೂ ಇದೆಯಾ? ಒಂದು ಸಲ ಹೋಗಿ ಊಟ ಮಾಡೋಣ ಅಂತ."

ಇಲ್ಲ, ಅದು ಈಗ ಇಲ್ಲ. ಆದರೆ ಶುಕ್ರವಾರ ಸಂಜೆ ನಾರ್ವುಡ್‌ನ ಪೆರೇಡ್ ರಸ್ತೆಗೆ ಬನ್ನಿ. ಆರು ಗಂಟೆ ದಾಟಿದ ಮೇಲೆ. ಫುಟ್‌ಪಾತ್ ಮೇಲೆ ಮೇಜು ಹಾಕಿರುತ್ತಾರೆ. ಇಟಲಿಯವರ ಅಂಗಡಿ ಪಕ್ಕ ಏಷ್ಯಾದವರ ಅಂಗಡಿ. ಒಂದು ಮೇಜಿನಲ್ಲಿ ಅಜ್ಜ ಅಜ್ಜಿ, ಪಕ್ಕದ್ದರಲ್ಲಿ ಕೈ ಕೈ ಹಿಡಿದು ಕೂತ ಇಬ್ಬರು ಹುಡುಗರು, ಅದರಾಚೆ ಒಂದು ಭಾರತೀಯ ಕುಟುಂಬ, ಮಗು ಕುರ್ಚಿ ಮೇಲೆ ನಿಂತು ಹಟ ಮಾಡುತ್ತಿರುತ್ತದೆ. ಎಲ್ಲಾದರೂ ಒಂದು ಕಡೆ ಜಾಗ ಸಿಗುತ್ತದೆ, ಕೂತುಕೊಳ್ಳೋಣ.